ಗಸ್ತು ಆಟೊ ಆಟೊವಾಗಿಯೇ ಇರಲಿ

ಬೇಸಿಗೆ ರಜೆ, ದಸರಾ ರಜೆ ಬಂತೆಂದರೆ ಮೈಸೂರಿನ ಬಡಾವಣೆಗಳಲ್ಲಿ ಬೀಗ ಹಾಕಿದ ಮನೆಗಳು ಹೆಚ್ಚುತ್ತವೆ. ಬೀಗ ಒಡೆದ ಸುದ್ದಿಗಳೂ ಆಗಲೇ ಬರುತ್ತವೆ. ದತ್ತಗಳ್ಳಿ, ಬೋಗಾದಿಯಂಥ ರಿಂಗ್ ರಸ್ತೆಯ ಮಗ್ಗುಲಿನ ಬಡಾವಣೆಗಳಲ್ಲಿ ಖಾಲಿ ಸೈಟು ಜಾಸ್ತಿ, ತಪ್ಪಿಸಿಕೊಂಡು ಹೋಗಲು ದಾರಿಯೂ ಹಲವು. ಎರಡು ಮೂರು ಮನೆ ಕಳವಾದ ಮೇಲೆ ನಿವಾಸಿಗಳ ಸಂಘದ ಸಭೆಯಲ್ಲಿ ಯಾರಾದರೂ ಒಬ್ಬರು ಹೇಳುತ್ತಾರೆ: ಪೊಲೀಸರನ್ನೇ ಕಾದರೆ ಆಗದು, ನಾವೇ ಗಸ್ತು ಹೊಡೆಯೋಣ. ನಡೆಯಲು ವಯಸ್ಸಾದವರಿಗೆ ಆಗುವುದಿಲ್ಲ, ಕಾರು ತಂದರೆ ಖರ್ಚು, ಬೈಕಿನಲ್ಲಿ ಇಬ್ಬರೇ. ಮಾತು ಆಟೊಗೆ ಬಂದು ನಿಲ್ಲುತ್ತದೆ. ಹಳೆಯದೊಂದು ಆಟೊ ಹಿಡಿದು ಟಾಪ್ ಮೇಲೆ ಕೆಂಪು-ನೀಲಿ ದೀಪ, ಸೈರನ್, ಮೈಕು, ಹಿಂದೆ ನಿಲ್ಲಲು ಹಲಗೆ, ಮುಂದೆ ಕಬ್ಬಿಣದ ಗಾರ್ಡು ಹಾಕಿಸುವುದು ಎಂಬಲ್ಲಿಗೆ ಯೋಜನೆ ಮುಟ್ಟುತ್ತದೆ.

ಮಂಡ್ಯದ ಕಡೆ ಇದೇ ಯೋಚನೆ ಹುಟ್ಟುವುದು ಪಂಪ್‌ಸೆಟ್ಟಿನ ಕೇಬಲ್ಲಿನಿಂದ. ಒಳಗಿನ ತಾಮ್ರಕ್ಕಾಗಿ ಕೇಬಲ್ ಕತ್ತರಿಸಿಕೊಂಡು ಹೋದರೆ ರೈತನಿಗೆ ಹಣದ ಜೊತೆ ನೀರಿನ ಸರದಿಯೂ ಹೋಯಿತು. ಅಲ್ಲಿ ಕೈಗೆ ಸಿಗುವ ಗಾಡಿ ಗೂಡ್ಸ್ ಆಟೊ. ಅದರ ಹಿಂದಿನ ಡಬ್ಬದಲ್ಲಿ ಆರೇಳು ಹುಡುಗರು ದೊಣ್ಣೆ ಹಿಡಿದು ನಿಂತರೆ ಗಸ್ತು ಆಯಿತೆಂಬ ಲೆಕ್ಕ.

ನಾಗರಿಕರು ರಾತ್ರಿ ಕಾವಲು ಕಾಯುವುದು ಒಳ್ಳೆಯ ಕೆಲಸ, ಅದಕ್ಕೆ ಮೂರು ಚಕ್ರದ ಗಾಡಿ ಸೂಕ್ತವಾದದ್ದೇ. ಆದರೆ ಗಸ್ತಿನ ಕೆಲಸವೆಂದರೆ ನೋಡುವುದು, ನಿಲ್ಲುವುದು, ಸರಿಯಾದವರಿಗೆ ಸರಿಯಾದ ಮಾತಿನಲ್ಲಿ ತಿಳಿಸುವುದು. ಬೆನ್ನಟ್ಟುವುದಕ್ಕೆ, ಹೆದರಿಸುವುದಕ್ಕೆ, ಪೊಲೀಸರಂತೆ ಕಾಣುವುದಕ್ಕೆ ಗಾಡಿಗೆ ಸೇರಿಸುವ ಪ್ರತಿಯೊಂದು ಸಾಮಾನೂ ಈ ಕೆಲಸವನ್ನು ಕೆಡಿಸುತ್ತದೆ. ಜೊತೆಗೆ ಗಾಡಿಯನ್ನು ಅಪಾಯಕ್ಕೂ ಮಾಲೀಕನನ್ನು ಮೊಕದ್ದಮೆಗೂ ತಳ್ಳುತ್ತದೆ.

ಮೂರು ಚಕ್ರದ ಲೆಕ್ಕ

ಪ್ಯಾಸೆಂಜರ್ ಆಟೊದ ತೂಕ ಸುಮಾರು 350 ಕೆ.ಜಿ. ಮುಂಚಕ್ರದಿಂದ ಹಿಂಚಕ್ರಗಳಿಗೆ ಸುಮಾರು 2 ಮೀಟರ್ ದೂರ, ಎರಡು ಹಿಂಚಕ್ರಗಳ ನಡುವೆ ಸುಮಾರು 1.15 ಮೀಟರ್. ಕಾರು ತಿರುವಿನಲ್ಲಿ ವಾಲಿದರೆ ಹೊರಬದಿಯಲ್ಲಿ ಎರಡು ಚಕ್ರ ತಡೆಯುತ್ತವೆ. ಆಟೊದಲ್ಲಿ ಹೊರಬದಿಗೆ ಇರುವುದು ಒಂದೇ ಹಿಂಚಕ್ರ, ಇನ್ನೊಂದು ಆಸರೆ ನಡುವಿನ ಮುಂಚಕ್ರ. ಈ ಎರಡನ್ನು ಸೇರಿಸುವ ಓರೆಗೆರೆಯ ಮೇಲೆಯೇ ಗಾಡಿ ಮಗುಚುವುದು. ಗಾಡಿಯ ಭಾರದ ಕೇಂದ್ರ ಹಿಂದಕ್ಕಿದ್ದಷ್ಟೂ ಆ ಗೆರೆಯಿಂದ ದೂರವಿರುತ್ತದೆ, ಮುಂದಕ್ಕೆ ಬಂದಷ್ಟೂ ಹತ್ತಿರವಾಗುತ್ತದೆ. ಡ್ರೈವರನ ಅಕ್ಕಪಕ್ಕ ಇಬ್ಬರನ್ನು ಕೂರಿಸಿಕೊಂಡು ತಿರುವು ತೆಗೆದುಕೊಂಡರೆ ಆಟೊ ಬೇಗ ಎದ್ದುಬಿಡುವುದಕ್ಕೂ, ಅದೇ ಇಬ್ಬರು ಹಿಂದಿನ ಸೀಟಿನಲ್ಲಿ ಕೂತರೆ ನೆಲ ಕಚ್ಚಿ ಹೋಗುವುದಕ್ಕೂ ಇದೇ ಕಾರಣ.

ಈಗ ಟಾಪ್ ಮೇಲೆ ಕ್ಯಾರಿಯರ್, ದೀಪದ ಪಟ್ಟಿ, ಧ್ವನಿವರ್ಧಕ, ಅದಕ್ಕೊಂದು ಬ್ಯಾಟರಿ ಎಂದು 25 ಕೆ.ಜಿ. ಏರಿಸಿ ನೋಡೋಣ. ಮೂರು ಜನ ಕೂತಾಗ ಭಾರದ ಕೇಂದ್ರ ನೆಲದಿಂದ ಸುಮಾರು 60 ಸೆಂ.ಮೀ. ಎತ್ತರದಲ್ಲಿದೆ ಎಂದುಕೊಂಡರೆ, ಈ ಸಾಮಾನು ಅದನ್ನು 5 ಸೆಂ.ಮೀ. ಮೇಲಕ್ಕೆ ಎತ್ತುತ್ತದೆ. ಮಗುಚದೆ ತಡೆದುಕೊಳ್ಳುವ ಶಕ್ತಿ ಸರಿಸುಮಾರು ಶೇ 8ರಷ್ಟು ಇಳಿಯುತ್ತದೆ. ಬಡಾವಣೆಯ ಕ್ರಾಸಿನಲ್ಲಿ 8 ಮೀಟರ್ ತ್ರಿಜ್ಯದ ಲಂಬ ತಿರುವು ಇದ್ದರೆ, ಕಾಗದದ ಲೆಕ್ಕದಲ್ಲಿ ಗಾಡಿ ಗಂಟೆಗೆ 24 ಕಿ.ಮೀ. ತನಕ ತಡೆಯುತ್ತದೆ. ಶಾಕ್ ಅಬ್ಸಾರ್ಬರ್ ಬಗ್ಗುವುದು, ಸಣ್ಣ ಟೈರ್ ಒತ್ತಿಕೊಳ್ಳುವುದು, ತಿರುವಿನ ನಡುವೆ ಬ್ರೇಕ್ ಹಿಡಿದಾಗ ಭಾರ ಮುಂದಕ್ಕೆ ಜಗ್ಗುವುದು ಇವನ್ನೆಲ್ಲ ಸೇರಿಸಿದರೆ 20ರ ಆಸುಪಾಸಿನಲ್ಲೇ ಒಳಬದಿಯ ಚಕ್ರ ಎದ್ದೀತು. ಯಾರನ್ನೋ ಬೆನ್ನಟ್ಟುವಾಗ ಯಾವ ಡ್ರೈವರನೂ ಕ್ರಾಸಿನಲ್ಲಿ 20ಕ್ಕೆ ಇಳಿಸುವುದಿಲ್ಲ. ಬೈಕಿನ ಕಳ್ಳನನ್ನು ಆಟೊದಲ್ಲಿ ಅಟ್ಟಿಸಿಕೊಂಡು ಹೋದರೆ ಕಳ್ಳ ಸಿಗುವುದಿಲ್ಲ, ಗಾಡಿ ಮಗುಚುವ ಸಂಭವವೇ ಹೆಚ್ಚು.

ಹಿಂದೆ ನಿಲ್ಲುವ ಹಲಗೆ ಇದಕ್ಕಿಂತ ಕೆಟ್ಟದ್ದು. ಹಿಂಚಕ್ರದ ಅಚ್ಚಿನಿಂದ 60 ಸೆಂ.ಮೀ. ಹಿಂದಕ್ಕೆ 75 ಕೆ.ಜಿ.ಯ ಇಬ್ಬರು ನಿಂತರೆ ಮುಂಚಕ್ರದ ಮೇಲಿನ ಒತ್ತಡ 45 ಕೆ.ಜಿ.ಯಷ್ಟು ಕಡಿಮೆಯಾಗುತ್ತದೆ. ಸಮತಟ್ಟಾದ ರಸ್ತೆಯಲ್ಲಿ ಇದು ಗೊತ್ತಾಗುವುದಿಲ್ಲ. ಏರಿನಲ್ಲಿ ಗೇರ್ ಬದಲಿಸಿದಾಗ, ಹಂಪ್ ದಾಟಿದ ಕ್ಷಣದಲ್ಲಿ, ಒದ್ದೆ ರಸ್ತೆಯಲ್ಲಿ ಹ್ಯಾಂಡಲ್ ತಿರುಗಿಸಿದರೂ ಗಾಡಿ ತಿರುಗುವುದಿಲ್ಲ. ನಿಂತವರು ಬಿದ್ದರೆ ತಲೆ ಹಿಂದಾಗಿ ಬೀಳುತ್ತಾರೆ. ಗೂಡ್ಸ್ ಆಟೊದ ಡಬ್ಬದಲ್ಲಿ ನಿಲ್ಲುವವರದ್ದೂ ಇದೇ ಕಥೆ, ಅಲ್ಲಿ ಭಾರವೇ ನಿಂತುಕೊಂಡು ಅತ್ತಿತ್ತ ಓಲಾಡುತ್ತಿರುತ್ತದೆ. ಸರಕಿನ ಗಾಡಿಯಲ್ಲಿ ಜನ ಸಾಗಿಸುವುದು ಕಾನೂನಿಗೂ ವಿರುದ್ಧ.

ಗಸ್ತಿಗೆ ಬೇಕಾದ ಕೂಟ ಮೂವರದ್ದು. ಡ್ರೈವರ್ ಒಬ್ಬ, ಹಿಂದಿನ ಸೀಟಿನಲ್ಲಿ ಇಬ್ಬರು. ಒಬ್ಬರು ಎಡಬದಿ, ಒಬ್ಬರು ಬಲಬದಿ ನೋಡಬೇಕು. ಡ್ರೈವರ್ ರಸ್ತೆಯನ್ನು ಬಿಟ್ಟು ಬೇರೇನನ್ನೂ ನೋಡಬಾರದು. ಆಟೊದ ಎರಡೂ ಬದಿ ತೆರೆದಿರುವುದರಿಂದ ಕಾರಿನಲ್ಲಿ ಕೂತವರಿಗೆ ಕೇಳಿಸದ್ದೂ ಇಲ್ಲಿ ಕೇಳಿಸುತ್ತದೆ. ಗ್ರಿಲ್ ಮುರಿಯುವ ಸದ್ದು, ನಾಯಿ ಬೊಗಳುವ ದಿಕ್ಕು, ಯಾರೋ ನರಳುವುದು. ಈ ಅನುಕೂಲಕ್ಕಾಗಿಯೇ ಆಟೊ ಬೇಕು. ಪಕ್ಕಕ್ಕೆ ಕಬ್ಬಿಣದ ಜಾಲರಿ, ಪಾರದರ್ಶಕ ಪರದೆ ಹಾಕಿಸಿದರೆ ಅದೂ ಹೋಯಿತು, ಗಾಡಿ ಮಗುಚಿದಾಗ ಹೊರಬರುವ ದಾರಿಯೂ ಹೋಯಿತು.

ದೀಪ, ವೈರು, ಬ್ಯಾಟರಿ

ಗಾಡಿಗೆ ಏನೂ ಸೇರಿಸಬಾರದೇ ಎಂದರೆ, ಬೇಕಾದದ್ದು ಬಹಳ ಸ್ವಲ್ಪ. ಕೈಯಲ್ಲಿ ಹಿಡಿಯುವ 20 ವ್ಯಾಟ್‌ನ ಎಲ್‌ಇಡಿ ಟಾರ್ಚ್, ಮುಂಗಾಜಿನ ಒಳಗೆ ಒಂದು ಡ್ಯಾಶ್ ಕ್ಯಾಮೆರಾ, ಮೊಬೈಲ್ ಚಾರ್ಜ್ ಮಾಡಲು ಒಂದು ಸಾಕೆಟ್, ಬರೆದುಕೊಳ್ಳಲು ಒಳಗೊಂದು 3 ವ್ಯಾಟ್‌ನ ಮಂದ ದೀಪ. ಮಂದ ದೀಪ ಕೆಂಪಗಿದ್ದರೆ ಒಳ್ಳೆಯದು, ಬಿಳಿ ಬೆಳಕಿಗೆ ಕಣ್ಣು ಕತ್ತಲನ್ನು ಮರೆತುಬಿಡುತ್ತದೆ. ಹಿಂದೆ ಕೆಂಪು, ಪಕ್ಕದಲ್ಲಿ ಹಳದಿ, ಮುಂದೆ ಬಿಳಿ ಪ್ರತಿಫಲಕ ಪಟ್ಟಿ ಇರಲಿ. ನಿಧಾನವಾಗಿ ಹೋಗುವ ಗಾಡಿಗೆ ರಾತ್ರಿ ಹಿಂದಿನಿಂದ ಬಂದು ಗುದ್ದುವವರೇ ದೊಡ್ಡ ಭಯ. ಇಷ್ಟಕ್ಕೆ ಎಲ್ಲ ಸೇರಿ 40 ವ್ಯಾಟ್, ಅಂದರೆ 12 ವೋಲ್ಟ್‌ನಲ್ಲಿ ಮೂರೂವರೆ ಆಂಪಿಯರ್‌ಗಿಂತ ಕಡಿಮೆ. ಬ್ಯಾಟರಿ 30 ಆಂಪಿಯರ್-ಅವರ್‌ನದ್ದಾದರೆ, ಅರ್ಧ ಮಾತ್ರ ಬಳಸುವುದೆಂದು ಇಟ್ಟುಕೊಂಡರೂ ಎಂಜಿನ್ ಆರಿಸಿ ನಾಲ್ಕು ಗಂಟೆ ನಡೆಯುತ್ತದೆ.

ಇದಕ್ಕೆ 100 ವ್ಯಾಟ್‌ನ ಸೈರನ್ ಸೆಟ್ಟು ಸೇರಿದರೆ ಇನ್ನೂ 8 ಆಂಪಿಯರ್‌ಗಿಂತ ಹೆಚ್ಚು. ಹೆಡ್‌ಲೈಟ್ ವೈರಿಗೇ ಕೊಂಡಿ ಹಾಕಿ ತೆಳುವಾದ ತಂತಿಯಲ್ಲಿ ಎಳೆಯುವ ಅಭ್ಯಾಸ ಎಲ್ಲೆಡೆ ಇದೆ. ತಂತಿ ಬಿಸಿಯಾಗಿ ಹೊದಿಕೆ ಕರಗುತ್ತದೆ, ಬಾಡಿಗೆ ತಗುಲಿ ಕಿಡಿ ಹಾರುತ್ತದೆ. ಎಲ್‌ಪಿಜಿ ಆಟೊದಲ್ಲಿ ಇದರ ಪರಿಣಾಮ ಹೇಳಬೇಕಿಲ್ಲ. ಆ ಅನಿಲ ಗಾಳಿಗಿಂತ ಭಾರ, ಸೋರಿದ್ದು ಸೀಟಿನ ಕೆಳಗೆ ತಂಗುತ್ತದೆ. ಏನೇ ಜೋಡಿಸಿದರೂ ಬ್ಯಾಟರಿಯಿಂದ ನೇರ ಪ್ರತ್ಯೇಕ ವೈರು ಬರಲಿ, 1.5 ಚದರ ಮಿ.ಮೀ. ತಾಮ್ರದ್ದು. ಬ್ಯಾಟರಿಯಿಂದ ಒಂದು ಗೇಣಿನ ಒಳಗೇ 5 ಆಂಪಿಯರ್ ಫ್ಯೂಸ್ ಇರಲಿ. ಫ್ಯೂಸು ವೈರಿನ ಆಚೆ ತುದಿಯಲ್ಲಿದ್ದರೆ ನಡುವೆ ಆಗುವ ಶಾರ್ಟನ್ನು ಅದು ತಡೆಯುವುದಿಲ್ಲ.

ಗಸ್ತಿಗೆ ಪೆಟ್ರೋಲ್ ಆಟೊಗಿಂತ ಎಲೆಕ್ಟ್ರಿಕ್ ಆಟೊ ವಾಸಿ. ಗಂಟೆಗೆ 10-12 ಕಿ.ಮೀ. ವೇಗದಲ್ಲಿ ತಾಸುಗಟ್ಟಲೆ ಓಡಿಸಿದರೆ ಎಂಜಿನ್ ಗಾಡಿಯ ಕ್ಲಚ್ ಸವೆಯುತ್ತದೆ, ಪ್ಲಗ್ಗಿಗೆ ಮಸಿ ಕಟ್ಟುತ್ತದೆ. ಮೂರು ಬೀದಿಯಾಚೆಯಿಂದಲೇ ಸದ್ದು ಕೇಳಿಸುತ್ತದೆ, ಮಲಗಿದವರ ನಿದ್ದೆಯೂ ಕೆಡುತ್ತದೆ. ಎಲೆಕ್ಟ್ರಿಕ್ ಗಾಡಿಗೆ ನಿಧಾನ ಓಟ ಹೇಳಿ ಮಾಡಿಸಿದ್ದು. 48 ವೋಲ್ಟ್‌ನ, 100 ಆಂಪಿಯರ್-ಅವರ್‌ನ ಲೆಡ್ ಆಸಿಡ್ ಬ್ಯಾಟರಿಗಳ ಇ-ರಿಕ್ಷಾದಲ್ಲಿ 4.8 ಯೂನಿಟ್ ವಿದ್ಯುತ್ ಇರುತ್ತದೆ. ಅರ್ಧ ಖರ್ಚು ಮಾಡಿದರೆ ಒಳ್ಳೆಯ ಬ್ಯಾಟರಿಯಲ್ಲಿ ಸುಮಾರು 40 ಕಿ.ಮೀ. ಸಿಗುತ್ತದೆ. ಒಂದು ರಾತ್ರಿಯ ಗಸ್ತಿಗೆ ಅದು ಸಾಕು. ಇ-ರಿಕ್ಷಾಗೆ ನಿಯಮವೇ ಗಂಟೆಗೆ 25 ಕಿ.ಮೀ. ಮಿತಿ ಹಾಕಿದೆ. ಈ ಕೆಲಸಕ್ಕೆ ಅದು ಕೊರತೆಯೇನಲ್ಲ, ಮೇಲಿನ ತಿರುವಿನ ಲೆಕ್ಕ ನೋಡಿದರೆ ರಕ್ಷಣೆಯೇ.

ಇ-ರಿಕ್ಷಾದಲ್ಲಿ ತೀರಾ ಸಾಮಾನ್ಯವಾಗಿ ಆಗುವ ಒಂದು ತಪ್ಪನ್ನು ವಿವರವಾಗಿ ಹೇಳಬೇಕು, ಏಕೆಂದರೆ ಅದು ಆರು ತಿಂಗಳಲ್ಲಿ ಡ್ರೈವರನ ಹೊಟ್ಟೆಯ ಮೇಲೆ ಹೊಡೆಯುತ್ತದೆ. ಈ ಗಾಡಿಯಲ್ಲಿ 12 ವೋಲ್ಟ್‌ನ ನಾಲ್ಕು ಬ್ಯಾಟರಿಗಳು ಸಾಲಾಗಿ ಜೋಡಣೆಯಾಗಿರುತ್ತವೆ. ದೀಪಕ್ಕೆ 12 ವೋಲ್ಟ್ ಬೇಕಲ್ಲ ಎಂದು ಮೆಕ್ಯಾನಿಕ್ ನಾಲ್ಕರಲ್ಲಿ ಒಂದಕ್ಕೆ ಮಾತ್ರ ವೈರು ಕಚ್ಚಿಸುತ್ತಾನೆ. ದೀಪ ಉರಿಯುತ್ತದೆ, ಎಲ್ಲರಿಗೂ ಸಂತೋಷ. ಆದರೆ ಆ ಒಂದು ಬ್ಯಾಟರಿ ಮೋಟರಿಗೂ ಕೊಡಬೇಕು, ದೀಪಕ್ಕೂ ಕೊಡಬೇಕು. ಚಾರ್ಜ್ ಮಾಡುವಾಗ ನಾಲ್ಕಕ್ಕೂ ಹರಿಯುವುದು ಒಂದೇ ಕರೆಂಟು. ದಿನವೂ ಅದೊಂದು ಪೂರ್ತಿ ತುಂಬದೆ ಉಳಿಯುತ್ತದೆ, ಒಳಗಿನ ಪ್ಲೇಟುಗಳಿಗೆ ಬಿಳಿ ಸಲ್ಫೇಟ್ ಹತ್ತುತ್ತದೆ. ಉಳಿದ ಮೂರು ಅಗತ್ಯಕ್ಕಿಂತ ಹೆಚ್ಚು ಚಾರ್ಜಾಗಿ ಕುದಿದು ನೀರು ಕಳೆದುಕೊಳ್ಳುತ್ತವೆ. ಕೊನೆಗೆ ಗಾಡಿಯ ಓಟ ಅರ್ಧಕ್ಕೆ ಇಳಿದಾಗ ನಾಲ್ಕನ್ನೂ ಬದಲಿಸಬೇಕಾಗುತ್ತದೆ. ಪೂರ್ತಿ 48 ವೋಲ್ಟ್‌ಗೆ ಜೋಡಿಸಿ 12 ವೋಲ್ಟ್‌ಗೆ ಇಳಿಸಿಕೊಡುವ 10 ಆಂಪಿಯರ್‌ನ ಡಿಸಿ ಕನ್ವರ್ಟರ್ ಹಾಕಿದರೆ ಈ ತೊಂದರೆಯೇ ಇಲ್ಲ. ಲಿಥಿಯಂ ಪ್ಯಾಕ್ ಇರುವ ಗಾಡಿಯಾದರೆ ಪ್ಯಾಕಿಗೆ ಕೈ ಹಚ್ಚಲೇಬಾರದು, ಕಂಪನಿ ಕೊಟ್ಟ 12 ವೋಲ್ಟ್ ಸಾಕೆಟ್ ಮಾತ್ರ ಬಳಸಬೇಕು.

ಕಾನೂನು ಎಲ್ಲಿ ಹಿಡಿಯುತ್ತದೆ

ಮೋಟಾರು ವಾಹನ ಕಾಯ್ದೆಯ 52ನೇ ಸೆಕ್ಷನ್ ಪ್ರಕಾರ ತಯಾರಕರು ನಮೂದಿಸಿದ ವಿವರಗಳಿಗೆ ಹೊಂದದಂತೆ ಗಾಡಿಯನ್ನು ಬದಲಿಸುವಂತಿಲ್ಲ. 2019ರ ಜನವರಿಯಲ್ಲಿ ಕೇರಳದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಚಿತಪಡಿಸಿದೆ. ಅದೇ ವರ್ಷದ ತಿದ್ದುಪಡಿ 182ಎ ಸೆಕ್ಷನ್ ಸೇರಿಸಿತು: ಅನುಮತಿಯಿಲ್ಲದ ಪ್ರತಿ ಮಾರ್ಪಾಡಿಗೆ ಮಾಲೀಕನಿಗೆ 5,000 ರೂಪಾಯಿ ದಂಡ, ಇಲ್ಲವೇ ಆರು ತಿಂಗಳವರೆಗೆ ಜೈಲು, ಅಥವಾ ಎರಡೂ. ಬಾಡಿ ಕತ್ತರಿಸುವುದು, ಹಲಗೆ ವೆಲ್ಡ್ ಮಾಡುವುದು, ಸೀಟು ಹೆಚ್ಚಿಸುವುದು ಇದರೊಳಗೆ ಬರುತ್ತವೆ. ತೆಗೆದಿಡಬಹುದಾದ ಟಾರ್ಚ್, ಕ್ಯಾಮೆರಾ ಬರುವುದಿಲ್ಲ. ಸೈರನ್ನಿನಂತೆ ಹಲವು ಸ್ವರದ ಹಾರ್ನ್ ಅನ್ನು ಕೇಂದ್ರ ಮೋಟಾರು ವಾಹನ ನಿಯಮಗಳ 119ನೇ ನಿಯಮ ಆಂಬುಲೆನ್ಸ್, ಅಗ್ನಿಶಾಮಕ, ಪೊಲೀಸ್ ಮುಂತಾದ ಗಾಡಿಗಳಿಗಷ್ಟೇ ಬಿಟ್ಟಿದೆ. ಕೆಂಪು-ನೀಲಿ ಮಿನುಗು ದೀಪದ ಮಾತು 108ನೇ ನಿಯಮದಲ್ಲಿದೆ. 2017ರ ಮೇ 1ರಿಂದ ಮಂತ್ರಿಗಳ ಕಾರಿನಿಂದಲೇ ಕೆಂಪು ದೀಪ ಇಳಿದಿದೆ. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ತೆರೆದ ಜಾಗದಲ್ಲಿ ಧ್ವನಿವರ್ಧಕವನ್ನು 2000ದ ಶಬ್ದ ಮಾಲಿನ್ಯ ನಿಯಮಗಳು ನಿಷೇಧಿಸುತ್ತವೆ. ಗಸ್ತಿನ ವೇಳೆ ಪೂರ್ತಿ ಆ ಅವಧಿಯೊಳಗೇ ಬೀಳುವುದರಿಂದ ಮೈಕಿನ ಪ್ರಶ್ನೆಯೇ ಇಲ್ಲ.

ಅಪಘಾತವಾದರೆ ಹೊರೆ ಬೀಳುವುದು ಮಾಲೀಕನ ಮೇಲೆ. ಪರ್ಮಿಟ್ ಇಲ್ಲದ ಗಾಡಿಯ ಪ್ರಕರಣದಲ್ಲಿ ವಿಮಾ ಕಂಪನಿ ಗಾಯಾಳುವಿಗೆ ಮೊದಲು ಪರಿಹಾರ ಕೊಟ್ಟು ಆಮೇಲೆ ಮಾಲೀಕನಿಂದ ವಸೂಲು ಮಾಡಬಹುದೆಂದು 2018ರಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿದಿದೆ. ಬ್ಯಾಟರಿ ವಾಹನಗಳಿಗೆ ಅದೇ ವರ್ಷ ಕೇಂದ್ರದ ಅಧಿಸೂಚನೆ ಪರ್ಮಿಟ್‌ನಿಂದ ವಿನಾಯಿತಿ ಕೊಟ್ಟಿದೆ, ಎಲೆಕ್ಟ್ರಿಕ್ ಗಾಡಿ ಆರಿಸಲು ಇದು ಇನ್ನೊಂದು ಕಾರಣ. ಗಾಡಿಯನ್ನು ಗಸ್ತಿಗೆ ಬಳಸುವುದಾಗಿ ವಿಮಾ ಕಂಪನಿಗೆ ಪತ್ರ ಬರೆದು, ಲಿಖಿತ ಉತ್ತರ ಕೈಗೆ ಬಂದ ಮೇಲೆಯೇ ಮೊದಲ ರಾತ್ರಿ ಹೊರಡಬೇಕು. ಸಂಘದವರು ಉತ್ಸಾಹದಲ್ಲಿ ಇದನ್ನು ಬಿಟ್ಟುಬಿಡುತ್ತಾರೆ. ಮೂರು ಲಕ್ಷದ ಸಾಲದಲ್ಲಿ ಆಟೊ ಕೊಂಡವನ ತಲೆಗೆ ಪರಿಹಾರದ ಹೊರೆ ಬಂದು ಕೂರುವುದು ನ್ಯಾಯವಲ್ಲ.

ಇನ್ನು ಜನರನ್ನು ತಡೆಯುವ ವಿಷಯ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ 2024ರ ಜುಲೈ 1ರಿಂದ ಜಾರಿಯಲ್ಲಿದೆ. ಅದರ 40ನೇ ಸೆಕ್ಷನ್ ಸಾಮಾನ್ಯ ನಾಗರಿಕನಿಗೂ ಬಂಧಿಸುವ ಅಧಿಕಾರ ಕೊಡುತ್ತದೆ, ಆದರೆ ಬಹಳ ಕಿರಿದಾಗಿ. ಜಾಮೀನು ಸಿಗದ, ವಾರಂಟ್ ಇಲ್ಲದೆ ಹಿಡಿಯಬಹುದಾದ ಅಪರಾಧ ಕಣ್ಣೆದುರೇ ನಡೆದಿರಬೇಕು, ಅಥವಾ ಆತ ಘೋಷಿತ ಅಪರಾಧಿಯಾಗಿರಬೇಕು. ಹಿಡಿದರೆ ಅನಗತ್ಯ ತಡ ಮಾಡದೆ, ಹೆಚ್ಚೆಂದರೆ ಆರು ಗಂಟೆಯೊಳಗೆ ಪೊಲೀಸರಿಗೆ ಒಪ್ಪಿಸಬೇಕು. ಅನುಮಾನ ಬಂದರೆ ಹಿಡಿಯಬಹುದು ಎಂದು ಎಲ್ಲೂ ಇಲ್ಲ. ಗುರುತಿನ ಚೀಟಿ ಕೇಳುವ, ಚೀಲ ತೆಗೆಸಿ ನೋಡುವ, ಮೊಬೈಲ್ ಕಸಿಯುವ ಅಧಿಕಾರವಂತೂ ಇಲ್ಲವೇ ಇಲ್ಲ. ಅಡ್ಡಗಟ್ಟಿದರೆ ಭಾರತೀಯ ನ್ಯಾಯ ಸಂಹಿತೆಯ 126ನೇ ಸೆಕ್ಷನ್, ಕೂಡಿಹಾಕಿದರೆ 127, ಪೊಲೀಸ್ ಎಂದು ಹೇಳಿಕೊಂಡರೆ 204 ಕಾದಿರುತ್ತವೆ. ಖಾಕಿ ಬಣ್ಣದ ಜಾಕೆಟ್ ಹೊಲಿಸುವ ಮೊದಲು ಇದನ್ನು ನೆನೆಯಬೇಕು.

ಬೆಳಗಿನ ಜಾವ ಮೂರೂವರೆಗೆ ಮೈಸೂರಿನ ಬೀದಿಯಲ್ಲಿ ನಡೆಯುವವರು ಯಾರು? ದೇವರಾಜ ಮಾರುಕಟ್ಟೆಗೆ ಹೂವು ತರುವವರು, ಹಾಲು-ಪೇಪರ್ ಹಾಕುವ ಹುಡುಗರು, ಪೌರಕಾರ್ಮಿಕರು, ಹೆಬ್ಬಾಳು-ಹೂಟಗಳ್ಳಿಯ ಕಾರ್ಖಾನೆಗಳಿಂದ ಪಾಳಿ ಮುಗಿಸಿ ಬರುವವರು, ರೈಲಿಳಿದು ಬಾಡಿಗೆ ರೂಮಿಗೆ ಹೋಗುವ ವಿದ್ಯಾರ್ಥಿಗಳು. ಬಟ್ಟೆ ಮಾಸಿದ್ದರೆ, ಕನ್ನಡ ಬಾರದಿದ್ದರೆ, ಮುಖ ಪರಿಚಿತವಲ್ಲದಿದ್ದರೆ ಗಸ್ತಿನ ಕಣ್ಣು ಮೊದಲು ಬೀಳುವುದು ಇವರ ಮೇಲೆ. 2018ರ ಜುಲೈಯಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ ಮಕ್ಕಳ ಕಳ್ಳರೆಂಬ ವದಂತಿ ನಂಬಿ ಜನ ಕಾರೊಂದರ ಮೇಲೆ ಮುಗಿಬಿದ್ದು ಯುವ ಎಂಜಿನಿಯರ್ ಒಬ್ಬನನ್ನು ಕೊಂದರು. ವಾಟ್ಸ್‌ಆ್ಯಪ್‌ನಲ್ಲಿ ಸುದ್ದಿ ಹರಿದಾಡಿತ್ತು, ಮುಂದಿನ ಊರಿನವರು ದಾರಿಗೆ ಅಡ್ಡ ಹಾಕಿ ಕಾದಿದ್ದರು. ಸುಪ್ರೀಂ ಕೋರ್ಟ್ ಗುಂಪು ಹತ್ಯೆ ತಡೆಗೆ ಮಾರ್ಗಸೂಚಿ ಕೊಟ್ಟದ್ದೂ ಅದೇ ತಿಂಗಳ 17ರಂದು. ಫೋಟೊ ತೆಗೆದು ‘ಇವನ ಮೇಲೆ ಕಣ್ಣಿಡಿ’ ಎಂದು ಗ್ರೂಪಿಗೆ ಹಾಕುವುದನ್ನು ಗಸ್ತಿನ ಮೊದಲ ದಿನದಿಂದಲೇ ನಿಷೇಧಿಸಬೇಕು ಎನ್ನುವುದಕ್ಕೆ ಇದಕ್ಕಿಂತ ದೊಡ್ಡ ಕಾರಣ ಬೇಕಿಲ್ಲ.

ಸುತ್ತುವುದಕ್ಕಿಂತ ನಿಲ್ಲುವುದು

ಗಸ್ತಿನಿಂದ ಕಳ್ಳತನ ತಗ್ಗುತ್ತದೆಯೇ? ಅಮೆರಿಕದ ಕ್ಯಾನ್ಸಸ್ ಸಿಟಿಯಲ್ಲಿ 1972-73ರಲ್ಲಿ ಪೊಲೀಸರು 15 ಬೀಟುಗಳನ್ನು (ಗಸ್ತಿನ ವಲಯಗಳನ್ನು) ಮೂರು ಗುಂಪು ಮಾಡಿ, ಒಂದರಲ್ಲಿ ಗಸ್ತು ಹೆಚ್ಚಿಸಿ, ಒಂದರಲ್ಲಿ ಇದ್ದಂತೆ ಬಿಟ್ಟು, ಒಂದರಲ್ಲಿ ವಾಡಿಕೆಯ ಗಸ್ತನ್ನೇ ತೆಗೆದು ನೋಡಿದರು. ಗಾಡಿಯಲ್ಲಿ ಸುಮ್ಮನೆ ಸುತ್ತುವುದರಿಂದ ಅಪರಾಧದಲ್ಲಿ ಗಮನಾರ್ಹ ವ್ಯತ್ಯಾಸವೇ ಕಾಣಲಿಲ್ಲ. 1995ರಲ್ಲಿ ಅಪರಾಧ ಸಂಶೋಧಕ ಕ್ರಿಸ್ಟೋಫರ್ ಕೋಪರ್ ಮಿನಿಯಾಪೊಲಿಸ್ ನಗರದ ಅಂಕಿಅಂಶ ಪರಿಶೀಲಿಸಿ, ತೊಂದರೆಯ ಜಾಗದಲ್ಲಿ 10ರಿಂದ 15 ನಿಮಿಷ ನಿಂತು ಹೋದರೆ ಅದರ ಪರಿಣಾಮ ಹೋದಮೇಲೂ ಸ್ವಲ್ಪ ಹೊತ್ತು ಉಳಿಯುತ್ತದೆ, ಅದಕ್ಕಿಂತ ಹೆಚ್ಚು ನಿಂತರೆ ಲಾಭ ಏರುವುದಿಲ್ಲ ಎಂದು ತೋರಿಸಿದರು. 2009ರಲ್ಲಿ ಫಿಲಡೆಲ್ಫಿಯಾದಲ್ಲಿ ಆಯ್ದ 60 ತಾಣಗಳಲ್ಲಿ ಪೊಲೀಸರು ಕಾಲ್ನಡಿಗೆಯಲ್ಲಿ ಓಡಾಡಿದಾಗ ಹಿಂಸಾ ಅಪರಾಧ ಶೇ 23ರಷ್ಟು ಇಳಿಯಿತು. ಇವು ಪೊಲೀಸರ ಪ್ರಯೋಗಗಳು, ನಮ್ಮ ಬಡಾವಣೆಗೆ ಹಾಗೆಯೇ ಅನ್ವಯಿಸುವುದಿಲ್ಲ ನಿಜ. ಆದರೂ ಗಾಡಿ ಓಡುತ್ತಲೇ ಇರುವುದಕ್ಕಿಂತ ಸರಿಯಾದ ಜಾಗದಲ್ಲಿ ನಿಲ್ಲುವುದು ಮೇಲು ಎನ್ನುವುದಕ್ಕೆ ಇದು ಸಾಕಷ್ಟು ಆಧಾರ.

ಇದನ್ನು ಒಂದು ರಾತ್ರಿಗೆ ಹೊಂದಿಸಿ ನೋಡೋಣ. ಬಡಾವಣೆಯ ಬೀದಿಗಳ ಒಟ್ಟು ಉದ್ದ 12 ಕಿ.ಮೀ. ಎಂದರೆ, ಗಂಟೆಗೆ 12 ಕಿ.ಮೀ. ವೇಗದಲ್ಲಿ ಒಂದು ಸುತ್ತಿಗೆ ಒಂದು ಗಂಟೆ. ಐದು ಕಡೆ 12 ನಿಮಿಷದಂತೆ ನಿಂತರೆ ಇನ್ನೊಂದು ಗಂಟೆ. ಹನ್ನೆರಡರಿಂದ ನಾಲ್ಕರವರೆಗೆ ಎರಡು ಸುತ್ತು, 24 ಕಿ.ಮೀ. ನಿಲ್ಲುವ ಜಾಗಗಳನ್ನು ಠಾಣೆಯವರ ಜೊತೆ ಕೂತು ಆರಿಸಬೇಕು: ಹಿಂದೆ ಕಳವಾದ ಬೀದಿ, ಪಾರ್ಕಿನ ಹಿಂಬದಿ, ರಿಂಗ್ ರಸ್ತೆಗೆ ಕೂಡುವ ಬಾಯಿ. ಯಾವ ಜಾಗಕ್ಕೆ ಮೊದಲು ಎನ್ನುವುದನ್ನು ಹೊರಡುವಾಗ ಚೀಟಿ ಎತ್ತಿ ನಿರ್ಧರಿಸಬೇಕು. ಸೀಟಿ ಊದುತ್ತಾ ಒಂದೇ ದಾರಿಯಲ್ಲಿ ಒಂದೇ ಹೊತ್ತಿಗೆ ಬರುವ ಗೂರ್ಖಾನ ಸುತ್ತನ್ನು ಕಳ್ಳರು ಎರಡೇ ರಾತ್ರಿಯಲ್ಲಿ ಕಲಿತುಬಿಡುತ್ತಾರೆ.

ಮೈಸೂರಿನ ಹಳೆಯ ಬಡಾವಣೆಗಳಲ್ಲಿ ಇನ್ನೊಂದು ವಿಶೇಷವಿದೆ. ಮನೆಗಳ ಬೆನ್ನಿಗೆ ಬೆನ್ನು ಸೇರುವಲ್ಲಿ ಕನ್ಸರ್ವೆನ್ಸಿ ಓಣಿಗಳನ್ನು ಬಿಟ್ಟಿದ್ದಾರೆ, ಹಿಂಬಾಗಿಲು ಅಲ್ಲಿಗೇ ತೆರೆಯುತ್ತದೆ. ಅಲ್ಲಿ ಆಟೊ ನುಗ್ಗಿಸಬಾರದು, ಸಿಕ್ಕಿಕೊಂಡರೆ ಹಿಂದಕ್ಕೆ ಬರುವುದೇ ಕಷ್ಟ. ಗಾಡಿಯನ್ನು ಓಣಿಯ ಬಾಯಿಯಲ್ಲಿ ನಿಲ್ಲಿಸಿ, ಅಲ್ಲಿಂದಲೇ ಟಾರ್ಚ್ ಹಾಯಿಸಿ ಉದ್ದಕ್ಕೂ ನೋಡಬೇಕು. ಒಳಗೆ ಹೋಗಲೇಬೇಕಾದರೆ ಇಬ್ಬರೂ ಜೊತೆಯಾಗಿ ಹೋಗಬೇಕು, ಡ್ರೈವರ್ ಗಾಡಿ ಬಿಡಬಾರದು.

ಏನಾದರೂ ಕಂಡಾಗ ಮಾಡಬೇಕಾದದ್ದು ತುರ್ತು ಸಂಖ್ಯೆ 112ಕ್ಕೆ ಕರೆ. ‘ಯಾರೋ ಅನುಮಾನಾಸ್ಪದವಾಗಿ ಓಡಾಡ್ತಿದಾರೆ ಸಾರ್’ ಎಂದರೆ ಅತ್ತ ಕೂತವರು ಏನನ್ನೂ ಕಳಿಸಲಾರರು. ‘ಕುವೆಂಪುನಗರ, ಇಂಥ ಪಾರ್ಕಿನ ಹಿಂದಿನ ಕ್ರಾಸು, ಬಲಕ್ಕೆ ಮೂರನೇ ಮನೆ, ಬೀಗ ಹಾಕಿದ ಮನೆ, ಇಬ್ಬರು ಕಾಂಪೌಂಡ್ ಹಾರಿ ಒಳಗೆ ಹೋದರು, ಹೊರಗೆ ನಂಬರ್ ಪ್ಲೇಟ್ ಇಲ್ಲದ ಕಪ್ಪು ಬೈಕ್ ನಿಂತಿದೆ, ನಾವು ಐವತ್ತು ಮೀಟರ್ ದೂರದಲ್ಲಿ ಆಟೊದಲ್ಲಿ ಇದ್ದೇವೆ’ ಎಂದರೆ ಗಾಡಿ ಬರುತ್ತದೆ. ಕೊನೆಯ ವಾಕ್ಯ ಮುಖ್ಯ. ಇಲ್ಲದಿದ್ದರೆ ಬಂದ ಪೊಲೀಸರು ಕತ್ತಲಲ್ಲಿ ನಿಂತ ನಿಮ್ಮನ್ನೇ ಮೊದಲು ಹಿಡಿದಾರು. ಕರೆಯ ಸಮಯ, 112ರವರು ಕೊಟ್ಟ ನಂಬರ್, ಪೊಲೀಸರು ಬಂದ ಸಮಯ ಪುಸ್ತಕದಲ್ಲಿ ಬರೆಯಬೇಕು. ಕ್ಯಾಮೆರಾದಲ್ಲಿ ಸಿಕ್ಕಿದ್ದನ್ನು ವಾಟ್ಸ್‌ಆ್ಯಪ್‌ನಲ್ಲಿ ಕಳಿಸಬಾರದು. ಅದು ಚಿತ್ರವನ್ನು ಕುಗ್ಗಿಸುತ್ತದೆ, ನಂಬರ್ ಪ್ಲೇಟ್ ಮಸುಕಾಗುತ್ತದೆ. ಮೆಮೊರಿ ಕಾರ್ಡನ್ನೇ ತೆಗೆದು ಲಕೋಟೆಗೆ ಹಾಕಿ ಠಾಣೆಗೆ ಕೊಟ್ಟು ಸ್ವೀಕೃತಿ ಪಡೆಯಬೇಕು. ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ ಪ್ರಕಾರ ಅದಕ್ಕೊಂದು ಪ್ರಮಾಣಪತ್ರವೂ ಬೇಕಾಗುತ್ತದೆ.

ಕಳ್ಳ ಸಿಗದ ರಾತ್ರಿಗಳೇ ಹೆಚ್ಚು. ಆ ರಾತ್ರಿಗಳಲ್ಲೂ ಗಸ್ತಿಗೆ ಕೆಲಸವಿದೆ: ಉರಿಯದ ಬೀದಿದೀಪದ ಕಂಬದ ನಂಬರ್ ಬರೆದು ಪಾಲಿಕೆಗೆ ಕೊಡುವುದು, ಜೋತುಬಿದ್ದ ತಂತಿ ಕಂಡರೆ ವಿದ್ಯುತ್ ಕಂಪನಿ ಸೆಸ್ಕ್‌ನ 1912ಕ್ಕೆ ಹೇಳುವುದು, ರಸ್ತೆಯಲ್ಲಿ ಬಿದ್ದ ಗಾಯಾಳುವಿಗೆ 108 ಆಂಬುಲೆನ್ಸ್ ಕರೆಸುವುದು. ಗಾಯಾಳುವನ್ನು ಸದ್ಭಾವನೆಯಿಂದ ಆಸ್ಪತ್ರೆಗೆ ಸೇರಿಸಿದವರಿಗೆ ಮೋಟಾರು ವಾಹನ ಕಾಯ್ದೆಯ 134ಎ ಸೆಕ್ಷನ್ ರಕ್ಷಣೆ ಕೊಡುತ್ತದೆ, ಹೆಸರು ಹೇಳಲೇಬೇಕೆಂಬ ಒತ್ತಾಯವೂ ಇಲ್ಲ. ಒಂದು ಜೀವ ಉಳಿದರೆ ಅದು ಹತ್ತು ಬೀಗ ಉಳಿದದ್ದಕ್ಕಿಂತ ದೊಡ್ಡದು.

ಪಾಳಿಯ ವಿಷಯ ಚಿಕ್ಕದಾಗಿ ಕಂಡರೂ ಗಸ್ತುಗಳು ನಿಲ್ಲುವುದು ಅಲ್ಲೇ. ಒಬ್ಬರಿಗೆ ಹದಿನೈದು ದಿನಕ್ಕೊಮ್ಮೆ ಸರದಿ ಬರಬೇಕೆಂದರೆ, ರಾತ್ರಿಗೆ ಇಬ್ಬರಂತೆ 30 ಜನ ಬೇಕು. ತಪ್ಪಿಸುವವರನ್ನು ಲೆಕ್ಕ ಹಿಡಿದು 40 ಹೆಸರು ಇಟ್ಟುಕೊಳ್ಳಬೇಕು. ಡ್ರೈವರ್ ಹಗಲೆಲ್ಲ ಬಾಡಿಗೆ ಹೊಡೆದು ರಾತ್ರಿ ಇಲ್ಲಿ ಕೂತರೆ ನಿದ್ದೆಗಣ್ಣಿನಲ್ಲಿ ಓಡಿಸುತ್ತಾನೆ. ಮರುದಿನದ ಅರ್ಧ ದುಡಿಮೆಯನ್ನು ಸಂಘವೇ ಕಟ್ಟಿಕೊಡಬೇಕು.

ಮಂಡ್ಯದ ಹೊಲದ ದಾರಿ

ಹಳ್ಳಿಗೆ ಬೇರೆಯದೇ ಚೌಕಟ್ಟು ಇದೆ. ಹಿಂದೆ ಊರಿನ ಕಾವಲು ತಳವಾರ, ತೋಟಿಗಳ ಹೊಣೆಯಾಗಿತ್ತು. ಅನುವಂಶಿಕ ಗ್ರಾಮ ಹುದ್ದೆಗಳು 1961ರ ಕಾಯ್ದೆಯಿಂದ ರದ್ದಾದವು. 1964ರಲ್ಲಿ ಕರ್ನಾಟಕ ಗ್ರಾಮ ರಕ್ಷಣಾ ದಳಗಳ ಕಾಯ್ದೆ ಬಂತು. ಪೊಲೀಸರ ಉಸ್ತುವಾರಿಯಲ್ಲಿ, ದಳಪತಿಯ ಕೈಕೆಳಗೆ ಊರಿನವರೇ ಕಾವಲು ಕಾಯಲು ಅದು ಅವಕಾಶ ಕೊಡುತ್ತದೆ. ಕೇಬಲ್ ಕಳವಿಗೆ ಬೇಸತ್ತ ಊರಿನವರು ಗೂಡ್ಸ್ ಆಟೊ ಹತ್ತುವ ಬದಲು ಈ ಕಾಯ್ದೆಯಡಿ ಅರ್ಜಿ ಹಾಕುವುದು ಲೇಸು. ಫಿಲಿಪ್ಪೀನ್ಸ್‌ನಲ್ಲಿ ಬರಾಂಗಾಯ್ ತಾನೋದ್ ಎಂಬ ಊರ ಕಾವಲುಗಾರರಿದ್ದಾರೆ. ಅವರಿಗೆ ಮಾನ್ಯತೆ ಬಂದದ್ದು 1991ರ ಸ್ಥಳೀಯಾಡಳಿತ ಸಂಹಿತೆಯಿಂದ, ಹತ್ತುವ ಗಾಡಿಯಿಂದಲ್ಲ.

ನಾಲೆಯ ಏರಿ ಮೇಲೆ ರಾತ್ರಿ ಮೂರು ಚಕ್ರದ ಗಾಡಿ ಓಡಿಸಲೇಬಾರದು. 2018ರ ನವೆಂಬರ್ 24ರಂದು ಪಾಂಡವಪುರ ತಾಲ್ಲೂಕಿನ ಕನಗನಮರಡಿಯಲ್ಲಿ ಹಾಡಹಗಲೇ ಬಸ್ಸು ವಿ.ಸಿ. (ವಿಶ್ವೇಶ್ವರಯ್ಯ) ನಾಲೆಗೆ ಉರುಳಿ 30 ಜನ ಸತ್ತರು. ತಡೆಗೋಡೆ ಇಲ್ಲದ ಏರಿಯ ಅಂಚಿನಲ್ಲಿ ಹಿಂಚಕ್ರ ಒಂದು ಜಾರಿದರೆ ಸಾಕು. ಗಾಡಿಯನ್ನು ಊರ ಬದಿಯ ರಸ್ತೆಯಲ್ಲಿಟ್ಟು, ಟ್ರಾನ್ಸ್‌ಫಾರ್ಮರ್ ಮತ್ತು ಪಂಪ್‌ಸೆಟ್ಟುಗಳು ಗುಂಪಾಗಿರುವ ಕಡೆ ನಿಂತು ನೋಡುವುದು ಸರಿ. ಕದ್ದ ಕೇಬಲ್ ಹೊರಗೆ ಸಾಗಬೇಕಾದರೆ ಯಾವುದಾದರೂ ಗಾಡಿಯ ದಾರಿಗೆ ಬರಲೇಬೇಕು, ಆ ಕೂಡುಬಾಯಿಯೇ ನಿಲ್ಲುವ ಜಾಗ. ಕಬ್ಬಿನ ಗದ್ದೆಯ ಪಕ್ಕ ಇಳಿದು ಒಳಗೆ ಹುಡುಕಬಾರದು. ಕಬ್ಬಿನಲ್ಲಿ ಚಿರತೆ ಮರಿ ಹಾಕುವುದು ಈ ಭಾಗಕ್ಕೆ ಹೊಸದಲ್ಲ. 2022-23ರಲ್ಲಿ ತಿ. ನರಸೀಪುರದ ಹಳ್ಳಿಗಳು ಚಿರತೆಯ ಭಯದಲ್ಲಿ ಸಂಜೆಗೇ ಬಾಗಿಲು ಹಾಕಿಕೊಂಡಿದ್ದವು. ಕಂಡರೆ ಗಾಡಿಯೊಳಗೇ ಕೂತು ಅರಣ್ಯ ಇಲಾಖೆಯ 1926ಕ್ಕೆ ಹೇಳಬೇಕು.

ಹಳ್ಳಿಯಾಗಲಿ ಬಡಾವಣೆಯಾಗಲಿ, ಹೊರಡುವ ಮೊದಲು ಠಾಣೆಯ ಇನ್‌ಸ್ಪೆಕ್ಟರಿಗೆ ಕೊಡಬೇಕಾದ ಪತ್ರದಲ್ಲಿ ಸದಸ್ಯರ ಹೆಸರು, ಗುರುತಿನ ಚೀಟಿ, ಗಾಡಿಯ ಆರ್‌ಸಿ (ನೋಂದಣಿ ಪತ್ರ), ಎಫ್‌ಸಿ (ಗಾಡಿ ಓಡಲು ಯೋಗ್ಯವೆಂಬ ಪತ್ರ), ವಿಮೆ, ಡ್ರೈವರನ ಲೈಸೆನ್ಸ್ ನಕಲುಗಳಿರಲಿ. ನಮ್ಮಲ್ಲಿ ಆಯುಧವಿಲ್ಲ, ಯಾರನ್ನೂ ತಡೆಯುವುದಿಲ್ಲ ಎಂಬ ಸಾಲೂ ಇರಲಿ. ಕರ್ನಾಟಕದಲ್ಲಿ 2017ರಿಂದ ಜಾರಿಯಲ್ಲಿರುವ ಸುಧಾರಿತ ಗಸ್ತು ಪದ್ಧತಿಯಲ್ಲಿ ಪ್ರತಿ ಉಪ ಬೀಟಿಗೂ ಒಬ್ಬ ಪೊಲೀಸ್ ಹೊಣೆಗಾರ, ಜೊತೆಗೆ ನಾಗರಿಕ ಸದಸ್ಯರು ಇರುತ್ತಾರೆ. ಆ ಬೀಟಿನವರ ನಂಬರ್ ಗಾಡಿಯಲ್ಲಿರಬೇಕು, ಗಾಡಿಯ ನಂಬರ್ ಅವರ ಬಳಿ ಇರಬೇಕು.

ಮೂರು ತಿಂಗಳಾದ ಮೇಲೆ ಪುಸ್ತಕ ತೆರೆದು ಠಾಣೆಯ ಅಂಕಿಗಳ ಜೊತೆ ಹೋಲಿಸಬೇಕು. ಹಿಂದಿನ ವರ್ಷದ ಇದೇ ಮೂರು ತಿಂಗಳಿಗೆ ಹೋಲಿಕೆ ಮಾಡಬೇಕೇ ಹೊರತು ಕಳೆದ ತಿಂಗಳಿಗಲ್ಲ, ರಜೆಯ ತಿಂಗಳಿಗೂ ಮಳೆಯ ತಿಂಗಳಿಗೂ ಕಳ್ಳತನ ಒಂದೇ ಸಮ ಇರುವುದಿಲ್ಲ. ಐದಿದ್ದದ್ದು ಎರಡಾಯಿತೆಂದು ಹಿಗ್ಗುವ ಹಾಗಿಲ್ಲ, ಅಷ್ಟು ಚಿಕ್ಕ ಸಂಖ್ಯೆ ತಾನಾಗಿಯೇ ಏರಿಳಿಯುತ್ತದೆ. ಪಕ್ಕದ ಬಡಾವಣೆಯಲ್ಲಿ ಅದೇ ಹೊತ್ತಿಗೆ ಏರಿದ್ದರೆ ಕಳ್ಳತನ ಅತ್ತ ಸರಿದಿರಬಹುದು, ಆಗ ಅವರನ್ನೂ ಕರೆದು ಕೂಡಬೇಕು. ಕರೆಗಳಲ್ಲಿ ಎಷ್ಟು ನಿಜವಾದವು, ಎಷ್ಟು ದಾರಿಹೋಕರ ಮೇಲಿನ ಬರೀ ಗುಮಾನಿ ಎಂದು ಬೇರ್ಪಡಿಸಿ ಎಣಿಸಬೇಕು. ಗುಮಾನಿಯ ಕರೆಗಳೇ ಹೆಚ್ಚಿದ್ದರೆ ಗಸ್ತನ್ನು ನಿಲ್ಲಿಸಿ, ಸದಸ್ಯರಿಗೆ ಬೀಟಿನ ಪೊಲೀಸರಿಂದ ಮತ್ತೊಮ್ಮೆ ತರಬೇತಿ ಕೊಡಿಸಿದ ನಂತರವೇ ಗಾಡಿ ಹೊರಡಿಸಬೇಕು.